ಎಲ್ಲ ಯಂತ್ರಗಳೂ ಒಟ್ಟಿಗೆ ನಂಬಿದಾಗ

2024ರ ಜುಲೈ 19ರ ಶುಕ್ರವಾರ ಬೆಳಿಗ್ಗೆ 9 ಗಂಟೆ 39 ನಿಮಿಷಕ್ಕೆ, ನಮ್ಮಲ್ಲಿ ಕಚೇರಿಗಳು ಬಾಗಿಲು ತೆರೆಯುತ್ತಿದ್ದ ಹೊತ್ತಿಗೆ, ಅಮೆರಿಕದ ಕ್ರೌಡ್‌ಸ್ಟ್ರೈಕ್ ಕಂಪನಿ ತನ್ನ ಗಿರಾಕಿಗಳ ವಿಂಡೋಸ್ ಕಂಪ್ಯೂಟರುಗಳಿಗೆ ಒಂದು ಸಣ್ಣ ಫೈಲು ಕಳಿಸಿತು. ಆ ಕಂಪ್ಯೂಟರುಗಳಲ್ಲಿ ಫಾಲ್ಕನ್ ಎಂಬ ಕಾವಲು ತಂತ್ರಾಂಶ ಕೂತಿತ್ತು. ಹೊಸ ಬಗೆಯ ದಾಳಿಯನ್ನು ಹೇಗೆ ಗುರುತಿಸಬೇಕೆಂದು ಅದಕ್ಕೆ ಹೇಳಿಕೊಡುವ ಫೈಲು ಅದು. ಯಂತ್ರಗಳು ಅದನ್ನು ಓದಿದವು, ಓದುತ್ತಲೇ ನೀಲಿ ಪರದೆ ತೋರಿಸಿ ಬಿದ್ದವು, ಎದ್ದು ಮತ್ತೆ ಓದಿ ಮತ್ತೆ ಬಿದ್ದವು. ತಪ್ಪು ತಿಳಿದ ಕಂಪನಿ 78 ನಿಮಿಷಗಳಲ್ಲಿ ಫೈಲನ್ನು ವಾಪಸು ಪಡೆಯಿತು. ಅಷ್ಟರೊಳಗೆ ಬಿದ್ದ ಯಂತ್ರಗಳು ಮೈಕ್ರೋಸಾಫ್ಟ್‌ನ ಅಂದಾಜಿನಂತೆ 85 ಲಕ್ಷ. ಜಗತ್ತಿನ ವಿಂಡೋಸ್ ಯಂತ್ರಗಳಲ್ಲಿ ಇದು ಶೇಕಡಾ ಒಂದಕ್ಕಿಂತ ಕಡಿಮೆ. ಆದರೆ ಆ ಒಂದು ಪಾಲು ಇದ್ದದ್ದು ಆಸ್ಪತ್ರೆಗಳಲ್ಲಿ, ಬ್ಯಾಂಕುಗಳಲ್ಲಿ, ವಿಮಾನ ಕಂಪನಿಗಳ ಕೌಂಟರುಗಳಲ್ಲಿ. ಡೆಲ್ಟಾ ವಿಮಾನಯಾನ ಕಂಪನಿಯೊಂದೇ ಐದು ದಿನಗಳಲ್ಲಿ ಸುಮಾರು 7,000 ಹಾರಾಟಗಳನ್ನು ರದ್ದು ಮಾಡಿತು. ಬೆಂಗಳೂರಿನ ಕೆಂಪೇಗೌಡ ವಿಮಾನ ನಿಲ್ದಾಣದಲ್ಲೂ ಚೆಕ್‌ಇನ್ ವ್ಯವಸ್ಥೆ ಕೈಕೊಟ್ಟು ಸಾಲುಗಳು ಬೆಳೆದವು. ದೇಶದ ಹಲವು ನಿಲ್ದಾಣಗಳಲ್ಲಿ ಬೋರ್ಡಿಂಗ್ ಪಾಸುಗಳನ್ನು ಪೆನ್ನಿನಲ್ಲಿ ಬರೆದುಕೊಟ್ಟರು. ಇದು ಯಾರೋ ಮಾಡಿದ ದಾಳಿಯಲ್ಲ. ಕಾವಲಿಗಿದ್ದ ತಂತ್ರಾಂಶದಿಂದಲೇ ಆದ ಅನಾಹುತ.

ಈ ಘಟನೆಯನ್ನು ತಾಂತ್ರಿಕ ದೋಷವೆಂದು ಬರೆದು ಮುಚ್ಚಿಬಿಡುವುದು ಸುಲಭ. ನನಗೆ ಇದರೊಳಗೆ ಕಾಣುವುದು ನಮ್ಮ ದರ್ಶನಗಳು ಸಾವಿರಾರು ವರ್ಷ ವಾದಿಸಿದ ಒಂದು ಪ್ರಶ್ನೆ: ನಾನು ಸ್ವತಃ ಕಾಣದ, ಕಾಣಲು ಶಕ್ತಿಯೂ ಇಲ್ಲದ ವಿಷಯದಲ್ಲಿ ಇನ್ನೊಬ್ಬರ ಮಾತನ್ನು ಒಪ್ಪಿಕೊಳ್ಳುವುದು ಯಾವಾಗ ಸರಿ? ಒಂದು ದೊಡ್ಡ ಸಂಸ್ಥೆಯ ಜಾಲವನ್ನು ನೋಡಿಕೊಳ್ಳುವವರು ದಿನವಿಡೀ ಮಾಡುವುದು ಇದನ್ನೇ. ಅವರ ಕೈಕೆಳಗೆ ಸಾವಿರಾರು ಯಂತ್ರಗಳು, ಮುಂದೆ ಒಂದು ಕನ್ಸೋಲ್, ಆ ಕನ್ಸೋಲಿನಲ್ಲಿ ಗುಂಪುಗಳು ಮತ್ತು ಪಾಲಿಸಿಗಳು. ಯಾವ ಗುಂಪಿಗೆ ಯಾವ ಆವೃತ್ತಿ, ಯಾವ ಫೋಲ್ಡರನ್ನು ಸ್ಕ್ಯಾನ್‌ನಿಂದ ಹೊರಗಿಡಬೇಕು, ಯಾವ ಸರ್ವರನ್ನು ಯಾವ ರಾತ್ರಿ ರೀಬೂಟ್ ಮಾಡಬಹುದು ಎನ್ನುವುದನ್ನು ಅವರು ನಿರ್ಧರಿಸುತ್ತಾರೆ. ಆದರೆ ದಿನಕ್ಕೆ ಹಲವು ಬಾರಿ ಬಂದಿಳಿಯುವ ವೈರಸ್ ಲಕ್ಷಣಗಳ ಫೈಲನ್ನು ಬಿಚ್ಚಿ ಓದುವುದು ಅವರಿಗೆ ಸಾಧ್ಯವಿಲ್ಲ. ಕಳಿಸಿದವರು ಯಾರೆಂದು ಡಿಜಿಟಲ್ ಸಹಿ ಹೇಳುತ್ತದೆ. ಕಳಿಸಿದ್ದು ಸರಿಯೇ ಎಂದು ಅದು ಹೇಳುವುದಿಲ್ಲ. ಉಳಿದಿರುವುದು ನಂಬಿಕೆ, ನಮ್ಮ ಶಾಸ್ತ್ರದ ಮಾತಿನಲ್ಲಿ ಶಬ್ದಪ್ರಮಾಣ.

ಮೀಮಾಂಸಕರಿಗೂ ನೈಯಾಯಿಕರಿಗೂ ಇದ್ದ ಹಳೆಯ ಜಗಳವನ್ನು ಇಲ್ಲಿ ನೆನೆಯಬೇಕು. ಒಂದು ಜ್ಞಾನ ಹುಟ್ಟಿದಾಗ ಅದು ನಿಜವೆಂಬ ಭರವಸೆ ಅದರೊಟ್ಟಿಗೇ ಬರುತ್ತದೆ, ಅದಕ್ಕೆ ಬೇರೆ ಆಧಾರ ಬೇಡ ಎಂದರು ಮೀಮಾಂಸಕರಾದ ಕುಮಾರಿಲ ಭಟ್ಟರು. ಇದು ಸ್ವತಃಪ್ರಾಮಾಣ್ಯವಾದ. ಸುಳ್ಳೆಂದು ಸಾಬೀತು ಮಾಡಬೇಕಾದದ್ದು ಹೊರಗಿನಿಂದ. ಒಂದೋ ಅದಕ್ಕೆ ವಿರುದ್ಧವಾದ ಇನ್ನೊಂದು ತಿಳಿವು ಬರಬೇಕು, ಅದನ್ನು ಬಾಧಕ ಎನ್ನುತ್ತಾರೆ, ಇಲ್ಲವೇ ಆ ಜ್ಞಾನವನ್ನು ಹುಟ್ಟಿಸಿದ ಕಾರಣದಲ್ಲಿ ದೋಷ ಕಾಣಬೇಕು. ಎರಡೂ ಇಲ್ಲದಿದ್ದರೆ ಸುಮ್ಮನೆ ಸಂಶಯಪಡುವುದಕ್ಕೆ ಅರ್ಥವಿಲ್ಲ. ನೈಯಾಯಿಕರು ಒಪ್ಪಲಿಲ್ಲ. ಜ್ಞಾನ ನಿಜವೆಂದು ತಿಳಿಯುವುದು ಅದರಂತೆ ನಡೆದು ಫಲ ಸಿಕ್ಕಾಗ ಎಂಬುದು ಅವರ ಪರತಃಪ್ರಾಮಾಣ್ಯವಾದ. ನೀರೆಂದುಕೊಂಡದ್ದನ್ನು ಕುಡಿದು ದಾಹ ಆರಿದರೆ ಅದು ನೀರು. ಹಾಗಾದರೆ ಪ್ರತಿಯೊಂದನ್ನೂ ಕುಡಿದೇ ನೋಡಬೇಕೆ? ಇಲ್ಲ, ಎಂದು ಅವರೇ ಉತ್ತರಿಸಿದರು. ಹೊಸ ವಿಷಯವಾದರೆ ನಡೆದು ನೋಡಬೇಕು. ಬಳಕೆಯಾಗಿ ರೂಢಿಯಾದ ವಿಷಯವಾದರೆ, ಹಿಂದೆ ಫಲ ಕೊಟ್ಟ ಜ್ಞಾನದ ಜಾತಿಗೇ ಇದೂ ಸೇರಿದ್ದು ಎಂಬ ಕಾರಣದಿಂದ ಇದನ್ನೂ ನಿಜವೆಂದು ಊಹಿಸಬಹುದು.

ಈ ಕೊನೆಯ ಮಾತನ್ನು ಹಿಡಿದುಕೊಂಡು ಜುಲೈ 19ರ ಫೈಲಿಗೆ ಬರೋಣ. ಕಂಪನಿ ಆಮೇಲೆ ಪ್ರಕಟಿಸಿದ ವಿವರಣೆಯಲ್ಲಿ, ಆ ಫೈಲನ್ನು ನಿಜವಾದ ಯಂತ್ರಗಳ ಮೇಲೆ ಓಡಿಸಿ ನೋಡದೆ ಬಿಡುಗಡೆ ಮಾಡಿದ್ದಕ್ಕೆ ಮೂರು ಆಧಾರಗಳಿವೆ: ಮಾರ್ಚ್ 5ರಂದು ಆ ಫೈಲಿನ ನಮೂನೆಯ ಮೇಲೆ ನಡೆದ ಪರೀಕ್ಷೆ, ಫೈಲನ್ನು ತಾನೇ ತಪಾಸಣೆ ಮಾಡುವ ತಂತ್ರಾಂಶದ ಮೇಲಿನ ಭರವಸೆ, ಮತ್ತು ಏಪ್ರಿಲಿನಲ್ಲಿ ಅದೇ ನಮೂನೆಯ ಫೈಲುಗಳು ತೊಂದರೆಯಿಲ್ಲದೆ ಹೋಗಿ ತಲುಪಿದ್ದು. ಹಿಂದಿನವು ಫಲ ಕೊಟ್ಟಿವೆ, ಇದು ಅದೇ ಜಾತಿಯದು, ಆದ್ದರಿಂದ ಇದೂ ಸರಿ. ನ್ಯಾಯಶಾಸ್ತ್ರದ ಊಹೆ ಅಕ್ಷರಶಃ ಇದೇ. ಊಹೆ ಎಲ್ಲಿ ಮುರಿಯಿತು ಎನ್ನುವುದೂ ಆ ವಿವರಣೆಯಲ್ಲಿದೆ. ಆ ನಮೂನೆಯಲ್ಲಿ 21 ಅಂಕಣಗಳಿವೆ ಎಂದು ಬರೆದಿತ್ತು, ಯಂತ್ರದೊಳಗಿನ ಫಾಲ್ಕನ್ ಕೊಡುತ್ತಿದ್ದದ್ದು 20 ಮಾತ್ರ. ಹಿಂದಿನ ಫೈಲುಗಳಲ್ಲೆಲ್ಲ 21ನೆಯ ಅಂಕಣದ ಜಾಗದಲ್ಲಿ 'ಏನಿದ್ದರೂ ಸರಿ' ಎಂಬ ಗುರುತು ಇತ್ತು. ಹಾಗಾಗಿ ಯಾರೂ ಅಲ್ಲಿಗೆ ಹೋಗಿ ನೋಡುವ ಪ್ರಮೇಯ ಬರಲಿಲ್ಲ. ಜುಲೈ 19ರ ಫೈಲು ಮೊದಲ ಬಾರಿಗೆ ಆ ಜಾಗದಲ್ಲಿ ಇಂಥದ್ದೇ ಇರಬೇಕು ಎಂದು ಕೇಳಿತು. ಫಾಲ್ಕನ್ ನೋಡಲು ಹೋಯಿತು, ಅಲ್ಲಿ ಏನೂ ಇರಲಿಲ್ಲ, ತನ್ನದಲ್ಲದ ನೆನಪಿನ ಜಾಗವನ್ನು ಓದಿತು. ಫಾಲ್ಕನ್ ಓಡುವುದು ವಿಂಡೋಸ್‌ನ ತಿರುಳಾದ ಕರ್ನಲ್ಲಿನೊಳಗೆ. ಅಲ್ಲಿ ಹಾಗೆ ಎಡವಿದರೆ ಇಡೀ ಯಂತ್ರ ನಿಲ್ಲುತ್ತದೆ.

ಇಂಥ ಎಡವಟ್ಟಿನ ಹಿಂದೆ ಅಡಗಿರುವ ಷರತ್ತಿಗೆ ನೈಯಾಯಿಕರೇ ಇಟ್ಟ ಹೆಸರು ಉಪಾಧಿ. ಹೊಗೆ ಇದ್ದಲ್ಲಿ ಬೆಂಕಿ ಇದೆ ಎನ್ನುವುದು ಸರಿ. ಬೆಂಕಿ ಇದ್ದಲ್ಲೆಲ್ಲ ಹೊಗೆ ಇದೆ ಎಂದರೆ ತಪ್ಪು. ಕಾದು ಕೆಂಪಾದ ಕಬ್ಬಿಣದ ಗುಂಡಿನಲ್ಲಿ ಬೆಂಕಿ ಇದೆ, ಹೊಗೆ ಇಲ್ಲ. ಹೊಗೆ ಬರುತ್ತಿದ್ದದ್ದು ಹಸಿ ಸೌದೆಯಿಂದ. ಆದರೆ ಹಸಿ ಸೌದೆಯ ಒಲೆಗಳನ್ನಷ್ಟೇ ನೋಡಿದವನಿಗೆ ಆ ಷರತ್ತು ಎಂದೂ ಕಣ್ಣಿಗೆ ಬೀಳುವುದಿಲ್ಲ, ಅವನ ಎಣಿಕೆಯಲ್ಲಿ ಒಂದೂ ಅಪವಾದ ಇರುವುದಿಲ್ಲ. 'ಏನಿದ್ದರೂ ಸರಿ' ಎಂಬ ಆ ಗುರುತು ಇಲ್ಲಿಯ ಹಸಿ ಸೌದೆ. ಎಷ್ಟು ಸಲ ಸರಿಹೋಯಿತು ಎಂಬ ಲೆಕ್ಕ ಈ ಉಪಾಧಿಯನ್ನು ಬಯಲಿಗೆ ತರುವುದಿಲ್ಲ. ಅದು ಇಲ್ಲದ ಸಂದರ್ಭ ಎದುರಾದಾಗ ಮಾತ್ರ ಅದು ಇತ್ತೆಂದು ತಿಳಿಯುತ್ತದೆ. ಅದಕ್ಕೇ ನನಗೆ ಕಂಪನಿಯ ತಪ್ಪು ಊಹೆ ಮಾಡಿದ್ದರಲ್ಲಿ ಕಾಣುವುದಿಲ್ಲ. ಊಹೆ ಮಾಡದೆ ಯಾರೂ ಒಂದು ದಿನವೂ ಬದುಕಲಾರರು. ತಪ್ಪು ಇರುವುದು, ಊಹೆ ಮುರಿದರೆ ಅದು ಮೊದಲು ಎಲ್ಲಿ, ಯಾರ ಮುಂದೆ ಮುರಿಯಬೇಕು ಎಂದು ಯೋಚಿಸದೆ ಹೋದದ್ದರಲ್ಲಿ.

ಇಲ್ಲಿಂದಲೇ ನನ್ನ ವಾದ ಶುರುವಾಗುತ್ತದೆ. ಕುಮಾರಿಲರ ನಿಲುವು ಮೂಲದಲ್ಲಿ ಸರಿ ಎಂದು ನಾನು ತಿಳಿದಿದ್ದೇನೆ. ಬಾಧಕ ಬರುವ ತನಕ ನಂಬು ಎನ್ನುವುದು ಸೋಮಾರಿಯ ಮಾತಲ್ಲ. ಪರೀಕ್ಷೆಗೆ ಪರೀಕ್ಷೆ, ಅದಕ್ಕೆ ಮತ್ತೊಂದು ಪರೀಕ್ಷೆ ಎಂದು ಹೊರಟರೆ ಕೊನೆ ಸಿಗುವುದಿಲ್ಲ, ಮತ್ತು ಆ ಕೊನೆಯವರೆಗೆ ಕಾಯುವವನ ಯಂತ್ರದಲ್ಲಿ ಕಳ್ಳ ಆಗಲೇ ಕೂತಿರುತ್ತಾನೆ. ಆದರೆ ಆ ನಿಲುವಿನೊಳಗೆ ಹೇಳದೆ ಬಿಟ್ಟ ಒಂದು ಷರತ್ತಿದೆ. ಬಾಧಕ ಬರಬಹುದಾದರೆ, ಬಂದಾಗ ಅದನ್ನು ಕಾಣುವವರೊಬ್ಬರು ಉಳಿದಿದ್ದರೆ, ಕಂಡಮೇಲೆ ಮಾಡುವುದಕ್ಕೆ ಏನಾದರೂ ಬಾಕಿ ಇದ್ದರೆ ಮಾತ್ರ 'ಬಾಧಕ ಬರುವ ತನಕ ನಂಬು' ಎಂಬ ಮಾತಿಗೆ ಬೆಲೆ. ಹಗ್ಗವನ್ನು ಹಾವೆಂದು ಕಂಡವನು ಹತ್ತಿರ ಹೋಗಿ ತಿದ್ದಿಕೊಳ್ಳಬಲ್ಲ. ಒಮ್ಮೆಲೇ ಎಲ್ಲ ಯಂತ್ರಗಳಿಗೂ ಹೊರಡುವ, ತಲುಪಿದೊಡನೆ ಯಂತ್ರವನ್ನೇ ಬೀಳಿಸುವ ಫೈಲಿನ ವಿಷಯದಲ್ಲಿ ಆ ಹತ್ತಿರ ಹೋಗುವ ಅವಕಾಶವೇ ಇಲ್ಲ. ಬಾಧಕ ಬಂತು, ನಿಜ. ಬಂದದ್ದು 85 ಲಕ್ಷ ಯಂತ್ರಗಳಲ್ಲಿ ಒಟ್ಟಿಗೆ. ತಾನು ಬಿದ್ದೆನೆಂದು ಹೇಳಬೇಕಾದ ತಂತ್ರಾಂಶ, ಬೀಳಿಸಿದ ತಂತ್ರಾಂಶವೇ ಆಗಿತ್ತು. ನಂಬುವವನಿಗೆ ಸಂಶಯಪಡುವ ಕರ್ತವ್ಯ ಇಲ್ಲದಿರಬಹುದು, ಬಾಧಕ ಮೊದಲು ಒಂದು ಸಣ್ಣ ಜಾಗದಲ್ಲಿ ಕಾಣಿಸಿಕೊಳ್ಳುವಂತೆ ದಾರಿ ಬಿಡುವ ಕರ್ತವ್ಯ ಖಂಡಿತ ಇದೆ. ಜಾಲ ನೋಡಿಕೊಳ್ಳುವವರ ಭಾಷೆಯಲ್ಲಿ ಇದು ಹಂತಹಂತದ ಬಿಡುಗಡೆ: ಮೊದಲು ಕೆಲವೇ ಯಂತ್ರಗಳ ಒಂದು ರಿಂಗ್, ಅವು ನೆಟ್ಟಗಿದ್ದರೆ ಇನ್ನೊಂದು, ಆಮೇಲೆ ಉಳಿದವು. ಅವರು ಇದನ್ನು ಒಳ್ಳೆಯ ಅಭ್ಯಾಸ ಎನ್ನುತ್ತಾರೆ. ನನ್ನ ಮಟ್ಟಿಗೆ ಇದು ನಂಬಿಕೆಯ ಧರ್ಮಕ್ಕೆ ಸೇರಿದ್ದು. ಇದಿಲ್ಲದ ನಂಬಿಕೆ ಪ್ರಮಾಣದ ಮೇಲಿನ ಗೌರವವೆಂದು ಕರೆಸಿಕೊಳ್ಳಲು ಅರ್ಹವಲ್ಲ.

ಕನ್ನಡ ನಾಡಿನಲ್ಲೇ ಬೆಳೆದ ದ್ವೈತ ದರ್ಶನ ಈ ಜಾಗದಲ್ಲಿ ಒಂದು ಹೆಜ್ಜೆ ಮುಂದೆ ಹೋಗಿದೆ. ಮಧ್ವಾಚಾರ್ಯರೂ ಅವರ ಟೀಕಾಕಾರರಾದ ಜಯತೀರ್ಥರೂ ಸ್ವತಃಪ್ರಾಮಾಣ್ಯವನ್ನು ಒಪ್ಪುವವರೇ. ಆದರೆ ಜ್ಞಾನ ನಿಜವೆಂದು ಹಿಡಿಯುವುದಕ್ಕೆ ಅವರು ಸಾಕ್ಷಿಯನ್ನು ಹೇಳುತ್ತಾರೆ. ನೋಡುವ ಕಣ್ಣು ಬೇರೆ, ನೋಡಿದ್ದನ್ನು ನಿಶ್ಚಯಿಸುವ ಸಾಕ್ಷಿ ಬೇರೆ. ಶಂಕೆ ಬಂದಲ್ಲಿ ಆ ಸಾಕ್ಷಿ ಪರೀಕ್ಷೆಯ ನೆರವು ತೆಗೆದುಕೊಳ್ಳುತ್ತದೆ. ಮನುಷ್ಯನಿಗೆ ಈ ಸಾಕ್ಷಿ ಹುಟ್ಟಿನಿಂದ ಬಂದದ್ದು, ಅದು ಆತ್ಮದ ಸ್ವರೂಪವೇ. ಯಂತ್ರಗಳ ಜಾಲಕ್ಕೆ ಅಂಥದ್ದು ಇಲ್ಲ, ಯಾರಾದರೂ ಕಟ್ಟಿಕೊಡಬೇಕು. ಬರುವ ಫೈಲನ್ನು ಓದುವ ತಂತ್ರಾಂಶವನ್ನೇ ಅದರ ನಿಜಕ್ಕೂ ಸಾಕ್ಷಿಯಾಗಿ ನಿಲ್ಲಿಸಿದ ಜಾಲದಲ್ಲಿ ಸಾಕ್ಷಿಯೇ ಇಲ್ಲ ಎಂದು ತಿಳಿಯಬೇಕು. ಕಂಪನಿಯ ತಪಾಸಣೆ ತಂತ್ರಾಂಶದಲ್ಲೂ ದೋಷವಿತ್ತು; 21 ಇರಬೇಕಾದ ಕಡೆ 20 ಸಿಕ್ಕರೆ ಏನಾಗುತ್ತದೆ ಎಂದು ಅದು ಕೇಳಲಿಲ್ಲ, ಏಕೆಂದರೆ ಅದೂ ನಂಬಿದ್ದು ಅದೇ 21ರ ಬರಹವನ್ನು. ಒಂದೇ ಮೂಲದಿಂದ ಕಲಿತ ಇಬ್ಬರು ಒಬ್ಬರಿಗೊಬ್ಬರು ಸಾಕ್ಷಿಯಾಗಲಾರರು.

ಈ ವಾದಕ್ಕೆ ಬರುವ ಮೊದಲ ಆಕ್ಷೇಪ ಹಗುರವಲ್ಲ. ಕಾಯುವುದು ಕೂಡ ಒಂದು ಕ್ರಿಯೆ, ಅದರಿಂದಲೂ ಜೀವ ಹೋಗಬಹುದು ಎಂದು ಭದ್ರತಾ ಕ್ಷೇತ್ರದವರು ಹೇಳುತ್ತಾರೆ. ವಾನಾಕ್ರೈ ಎಂಬ ಕಂಪ್ಯೂಟರ್ ದಾಳಿ ಅವರ ಸಾಕ್ಷ್ಯ. ಅದು ಬಳಸಿದ ಬಿರುಕನ್ನು ಮುಚ್ಚುವ ಪ್ಯಾಚನ್ನು ಮೈಕ್ರೋಸಾಫ್ಟ್ 2017ರ ಮಾರ್ಚ್ 14ರಂದೇ ಕೊಟ್ಟಿತ್ತು. ಮೇ 12ರಂದು ದಾಳಿ ಹಬ್ಬಿದಾಗ ಇಂಗ್ಲೆಂಡಿನ ರಾಷ್ಟ್ರೀಯ ಆರೋಗ್ಯ ಸೇವೆಯ ಟ್ರಸ್ಟುಗಳಲ್ಲಿ ಮೂರನೆಯ ಒಂದು ಪಾಲು ತೊಂದರೆಗೆ ಸಿಕ್ಕಿತು. ಸಾವಿರಾರು ರೋಗಿಗಳ ಭೇಟಿಗಳು ರದ್ದಾದವು. ಸೋಂಕು ತಗಲಿದ ಯಂತ್ರಗಳಲ್ಲಿ ಹೆಚ್ಚಿನವು ಪ್ಯಾಚ್ ಹಾಕದ ವಿಂಡೋಸ್ 7. ಎರಡು ತಿಂಗಳು ಅವರೇನೂ ತತ್ವಶಾಸ್ತ್ರ ಚರ್ಚಿಸುತ್ತಿರಲಿಲ್ಲ, ಆದರೆ ಹಾಕಿದರೆ ಏನಾದರೂ ಕೆಡಬಹುದೆಂಬ ಅಂಜಿಕೆ ಅಂಥ ಕಡೆಗಳಲ್ಲಿ ಯಾವಾಗಲೂ ಒಂದು ಕಾರಣ. ಈ ಆಕ್ಷೇಪದ ಅರ್ಧವನ್ನು ನಾನು ಒಪ್ಪುತ್ತೇನೆ. ಸಂಶಯವನ್ನು ಎಲ್ಲಿಯವರೆಗೆ ಎಳೆಯಬಹುದು ಎಂಬುದಕ್ಕೆ ನೈಯಾಯಿಕರಾದ ಉದಯನಾಚಾರ್ಯರು ಗೆರೆ ಎಳೆದಿದ್ದಾರೆ: ಸ್ವಂತ ನಡೆಗೆ ವಿರುದ್ಧವಾಗುವಲ್ಲಿ ಸಂಶಯ ನಿಲ್ಲಬೇಕು. ದಿನವೂ ಇಂಟರ್ನೆಟ್ಟಿಗೆ ಯಂತ್ರವನ್ನು ಜೋಡಿಸಿಟ್ಟು, ಪ್ಯಾಚಿನ ಬಗ್ಗೆ ಮಾತ್ರ ಎರಡು ತಿಂಗಳು ಸಂಶಯಪಡುವವನ ನಡೆಯೇ ಅವನ ಸಂಶಯವನ್ನು ಸುಳ್ಳು ಮಾಡುತ್ತದೆ. ಆದರೆ ನಾನು ಕೇಳುತ್ತಿರುವ ಕಾಲ ತಿಂಗಳುಗಳಲ್ಲ. ಜುಲೈ 19ರ ಫೈಲು ಯಂತ್ರವನ್ನು ಬೀಳಿಸಲು ದಿನ ತೆಗೆದುಕೊಳ್ಳಲಿಲ್ಲ. ಓದಿದ ಕೂಡಲೇ ಬೀಳಿಸಿತು. ಮೊದಲು ಕೆಲವು ನೂರು ಯಂತ್ರಗಳಿಗೆ ಕಳಿಸಿ ಹತ್ತು ನಿಮಿಷ ಕಾದಿದ್ದರೆ ಸಾಕಿತ್ತು. ದಾಳಿಕೋರನ ವೇಗಕ್ಕೆ ಹೆದರಿ ಆ ಹತ್ತು ನಿಮಿಷವೂ ಇಲ್ಲ ಎನ್ನುವವರು, ಅದೇ ಹೆದರಿಕೆಯಿಂದ ಐದು ದಿನಗಳ ಕತ್ತಲೆಯನ್ನು ತಂದುಕೊಂಡರು. ತಾನೇ ಆಮೇಲೆ ಇಂಥ ಫೈಲುಗಳನ್ನೂ ಹಂತಹಂತವಾಗಿ ಬಿಡುವ ಪದ್ಧತಿಗೆ ಬಂದ ಕಂಪನಿ, ಯಾವ ಯಂತ್ರಕ್ಕೆ ಯಾವಾಗ ಎಂಬ ನಿಯಂತ್ರಣವನ್ನು ಗಿರಾಕಿಗಳಿಗೂ ಕೊಟ್ಟಿತು.

ಆ ನಿಯಂತ್ರಣ ಮೊದಲು ಇರಲಿಲ್ಲ ಎನ್ನುವುದನ್ನು ಇಲ್ಲಿ ಸ್ವಲ್ಪ ನಿಂತು ನೋಡಬೇಕು. ಎಚ್ಚರದ ಸಂಸ್ಥೆಗಳು ಕೈಕಟ್ಟಿ ಕೂತಿರಲಿಲ್ಲ. ಫಾಲ್ಕನ್‌ನ ಹೊಸ ಆವೃತ್ತಿ ಬಂದರೆ ತಕ್ಷಣ ಹಾಕದೆ, ಒಂದು ಅಥವಾ ಎರಡು ಆವೃತ್ತಿ ಹಿಂದೆ ಇರುವಂತೆ ಅವರು ಪಾಲಿಸಿ ಹಾಕಿಕೊಂಡಿದ್ದರು. ಆ ಪಾಲಿಸಿ ತಂತ್ರಾಂಶಕ್ಕೆ ಅನ್ವಯಿಸುತ್ತಿತ್ತು, ಈ ಬಗೆಯ ಫೈಲುಗಳಿಗೆ ಅನ್ವಯಿಸುತ್ತಿರಲಿಲ್ಲ. ಒಂದು ದಾರಿಗೆ ಅಷ್ಟು ಕಾವಲು ಹಾಕಿ, ಪಕ್ಕದಲ್ಲಿ ಇನ್ನೊಂದು ದಾರಿ ತೆರೆದೇ ಇತ್ತು. ಬಹಳ ಜನಕ್ಕೆ ಅದು ತಿಳಿದದ್ದು ಯಂತ್ರ ಬಿದ್ದಮೇಲೆ. ತನಗೆ ಆಯ್ಕೆ ಇದೆ ಎಂದು ನಂಬಿಸಿ ಆಯ್ಕೆ ಇಲ್ಲದಂತೆ ಮಾಡುವುದು, ಆಯ್ಕೆಯೇ ಇಲ್ಲವೆಂದು ಮುಖಕ್ಕೆ ಹೇಳುವುದಕ್ಕಿಂತ ದೊಡ್ಡ ದೋಷ. ನಂಬಿದವನ ಎಚ್ಚರ ಆಗ ಬೇರೆ ಕಡೆ ತಿರುಗಿರುತ್ತದೆ.

ಎರಡನೆಯ ಆಕ್ಷೇಪ ಆಪ್ತತ್ವದ್ದು. ವೈರಸ್ಸಿನ ವಿಷಯ ಬಲ್ಲವರು ಕಂಪನಿಯವರು. ಒಂದು ಆಸ್ಪತ್ರೆಯ ಐಟಿ ವಿಭಾಗದ ನಾಲ್ಕು ಜನ ಅವರ ಮಾತನ್ನು ತೂಗಲು ಹೋಗುವುದು ಅಧಿಕಪ್ರಸಂಗವಲ್ಲವೇ? ಇದಕ್ಕೆ ವಾತ್ಸ್ಯಾಯನರ ನ್ಯಾಯಭಾಷ್ಯದಲ್ಲೇ ಉತ್ತರವಿದೆ. ಆಪ್ತನೆಂದರೆ ವಿಷಯವನ್ನು ಸಾಕ್ಷಾತ್ ಕಂಡವನು ಮತ್ತು ಕಂಡದ್ದನ್ನು ಕಂಡಂತೆ ಹೇಳಬೇಕೆಂಬ ಇಚ್ಛೆಯುಳ್ಳವನು. ಋಷಿಯಾಗಲಿ, ಆರ್ಯನಾಗಲಿ, ಮ್ಲೇಚ್ಛನಾಗಲಿ ಈ ಲಕ್ಷಣ ಒಂದೇ ಎಂದು ಅವರು ಬರೆದರು. ಆ ಕಾಲಕ್ಕೆ ಅದು ಎಂಥ ಉದಾರವಾದ ಮಾತು! ಆಪ್ತತ್ವ ಇಲ್ಲಿ ಕುಲಕ್ಕೆ ಅಂಟಿದ್ದಲ್ಲ, ಹೆಸರಿಗೂ ಅಂಟಿದ್ದಲ್ಲ. ಕಂಡ ವಿಷಯಕ್ಕೆ ಅಂಟಿದ್ದು. ಕಂಪನಿ ದಾಳಿಕೋರರನ್ನು ಕಂಡಿದೆ, ಆ ವಿಷಯದಲ್ಲಿ ಅದು ಆಪ್ತ. ಆ ಆಸ್ಪತ್ರೆಯ ರಕ್ತಪರೀಕ್ಷೆಯ ಕೋಣೆಯಲ್ಲಿ, ಯಂತ್ರ ಮಾರಿದವರ ಹಳೆಯ ಡ್ರೈವರ್ ಹಾಕಿಕೊಂಡು, ಡೇಟಾಬೇಸಿನ ಫೋಲ್ಡರನ್ನು ಸ್ಕ್ಯಾನ್‌ನಿಂದ ಹೊರಗಿಟ್ಟು, ಮುಟ್ಟಿದರೆ ನಿಲ್ಲುತ್ತದೆಂದು ಯಾರೂ ಮುಟ್ಟದ ಆ ಒಂದು ಕಂಪ್ಯೂಟರನ್ನು ಅದು ಕಂಡಿಲ್ಲ. ಅದನ್ನು ಕಂಡವರು ಆ ನಾಲ್ಕು ಜನ. ಯಾವ ಯಂತ್ರದಲ್ಲಿ ಏನಿದೆ, ಏಕಿದೆ, ಯಾವ ಅಪವಾದವನ್ನು ಯಾರು ಯಾವ ಕಾರಣಕ್ಕೆ ಬರೆದರು ಎಂಬ ಪಟ್ಟಿಯನ್ನು ನೇರ ಇಟ್ಟುಕೊಳ್ಳುವ ಕೆಲಸವನ್ನು ಕಚೇರಿಗಳಲ್ಲಿ ಗುಮಾಸ್ತಗಿರಿಯಂತೆ ಕಾಣುತ್ತಾರೆ. ಅದು ತಪ್ಪು ಎಣಿಕೆ. ಹೊರಗಿನ ಆಪ್ತವಾಕ್ಯ ತನ್ನ ನೆಲಕ್ಕೆ ಬಂದಾಗ ಅದನ್ನು ತೂಗುವ ಏಕೈಕ ಜ್ಞಾನ ಆ ಪಟ್ಟಿಯಲ್ಲಿದೆ. ಅದನ್ನು ಬರೆದಿಡದ ಸಂಸ್ಥೆ ತನ್ನ ವಿಷಯದಲ್ಲಿ ತಾನೇ ಆಪ್ತನಾಗುವ ಹಕ್ಕನ್ನು ಬಿಟ್ಟುಕೊಟ್ಟಿದೆ.

ಕಂಪನಿಯ ಆಪ್ತತ್ವಕ್ಕೂ ಮಿತಿಯಿದೆ ಎನ್ನುವುದನ್ನು 2010ರ ಏಪ್ರಿಲ್ 21ರ ಪ್ರಕರಣ ಇನ್ನೂ ಚೆನ್ನಾಗಿ ತೋರಿಸುತ್ತದೆ. ಅಂದು ಮೆಕಾಫಿ ಕಂಪನಿ ಕಳಿಸಿದ 5958 ಸಂಖ್ಯೆಯ ವೈರಸ್ ಪಟ್ಟಿ, ವಿಂಡೋಸ್ ಎಕ್ಸ್‌ಪಿಯ ಮೂರನೆಯ ಸರ್ವೀಸ್ ಪ್ಯಾಕ್ ಇದ್ದ ಯಂತ್ರಗಳಲ್ಲಿ ವಿಂಡೋಸ್‌ನದೇ ಆದ ಎಸ್‌ವಿಸಿಹೋಸ್ಟ್ ಎಂಬ ಫೈಲನ್ನು ವೈರಸ್ಸೆಂದು ತಿಳಿದು ಕಿತ್ತುಹಾಕಿತು. ಯಂತ್ರಗಳು ಮತ್ತೆ ಮತ್ತೆ ರೀಬೂಟ್ ಆದವು, ಜಾಲದ ಸಂಪರ್ಕ ಕಳೆದುಕೊಂಡವು. ಸರಿಪಡಿಸುವ ಫೈಲನ್ನು ಜಾಲದ ಮೂಲಕ ಕಳಿಸುವ ದಾರಿಯೂ ಹೋಯಿತು. ಆ ಯಂತ್ರಗಳು ಅಪರೂಪದವಲ್ಲ, ಆಗಿನ ಕಚೇರಿಗಳಲ್ಲಿ ಎಲ್ಲೆಂದರಲ್ಲಿ ಇದ್ದವು. ತನ್ನ ಗುಣಮಟ್ಟ ಪರೀಕ್ಷೆಯ ಪದ್ಧತಿಯಲ್ಲಿ ಆಗಷ್ಟೇ ಮಾಡಿದ ಬದಲಾವಣೆಯಿಂದ ಕೆಟ್ಟ ಫೈಲು ಹೊರಬಿತ್ತು ಎಂದು ಕಂಪನಿ ಹೇಳಿತು. ಆ ದಿನ ಮೆಕಾಫಿಯ ತಾಂತ್ರಿಕ ಮುಖ್ಯಸ್ಥರಾಗಿದ್ದ ಜಾರ್ಜ್ ಕರ್ಟ್ಜ್ ಅವರೇ 2024ರಲ್ಲಿ ಕ್ರೌಡ್‌ಸ್ಟ್ರೈಕ್‌ನ ಮುಖ್ಯಸ್ಥರು. ಒಬ್ಬ ವ್ಯಕ್ತಿಯ ಮೇಲೆ ಬೊಟ್ಟು ಮಾಡುವುದಕ್ಕೆ ಇದನ್ನು ಹೇಳುತ್ತಿಲ್ಲ. ಹದಿನಾಲ್ಕು ವರ್ಷಗಳ ಅಂತರದಲ್ಲಿ, ಬೇರೆ ಕಂಪನಿಯಲ್ಲಿ, ಬೇರೆ ತಂತ್ರಾಂಶದಲ್ಲಿ ಅದೇ ಆಕಾರದ ಅನಾಹುತ ಮರುಕಳಿಸಿತೆಂದರೆ ದೋಷ ವ್ಯಕ್ತಿಯದಲ್ಲ, ಕೋಡಿನ ಸಾಲಿನದೂ ಅಲ್ಲ. ನಂಬಿಕೆಯನ್ನು ಹಂಚುವ ರೀತಿಯದು.

ಇದನ್ನೇ ಮೂರನೆಯ ಆಕ್ಷೇಪಕ್ಕೂ ಉತ್ತರವಾಗಿ ಹೇಳುತ್ತೇನೆ. ಅಂಕಣಗಳ ಎಣಿಕೆ ತಪ್ಪಿದ್ದಕ್ಕೆ ಮೀಮಾಂಸೆ ಏಕೆ, ಎಣಿಸುವುದನ್ನು ಕಲಿಸಿದರೆ ಸಾಲದೇ ಎನ್ನುವವರಿದ್ದಾರೆ. ಕಲಿಸಲಿ. ಕಂಪನಿಯೂ ಆ ತಪ್ಪನ್ನು ದಿನಗಳಲ್ಲೇ ತಿದ್ದಿತು. ಎಣಿಕೆ ತಪ್ಪುವುದು ಮನುಷ್ಯ ಬರೆದ ಎಲ್ಲದರಲ್ಲೂ ಇರುತ್ತದೆ. ವೇದಕ್ಕೆ ದೋಷವಿಲ್ಲವೆಂದು ಹೇಳಲು ಮೀಮಾಂಸಕರು ಅದಕ್ಕೆ ಕರ್ತೃವೇ ಇಲ್ಲ ಎನ್ನಬೇಕಾಯಿತು, ಏಕೆಂದರೆ ಕರ್ತೃ ಇದ್ದಲ್ಲಿ ದೋಷದ ಸಾಧ್ಯತೆ ಇದ್ದೇ ಇದೆ ಎಂಬುದನ್ನು ಅವರು ಅಷ್ಟು ಚೆನ್ನಾಗಿ ಬಲ್ಲರು. ಇಂದಿನ ಎಷ್ಟೋ ಅಪ್‌ಡೇಟುಗಳು ಮನುಷ್ಯರ ಕೈ ತಾಗದೆ ತಯಾರಾಗಿ, ತಪಾಸಣೆಯಾಗಿ, ತಾವೇ ಹೊರಟುಬಿಡುತ್ತವೆ; ಹಾಗೆ ಬಂದದ್ದಕ್ಕೆ ಕರ್ತೃ ಇಲ್ಲವೆಂಬ ಭ್ರಮೆ ನಮಗೆ ಅರಿವಿಲ್ಲದೆ ಹುಟ್ಟುತ್ತದೆ. ಸ್ವಯಂಚಾಲಿತವಾದದ್ದು ಅಪೌರುಷೇಯವಲ್ಲ. ಎಣಿಕೆಯ ತಪ್ಪು ಒಂದು ಯಂತ್ರದಲ್ಲಿ ನಿಂತರೆ ಅದು ದುರಸ್ತಿಯ ವಿಷಯ. ಅದನ್ನು ಲಕ್ಷಾಂತರ ಯಂತ್ರಗಳಿಗೆ ಒಂದೇ ಗಳಿಗೆಯಲ್ಲಿ ಕಳಿಸಬಹುದೆಂದು ಯಾರೋ ಮೊದಲೇ ನಿರ್ಧರಿಸಿದ್ದರು, ಅದನ್ನು ಹಾಗೆಯೇ ಪಡೆಯಲು ಇನ್ಯಾರೋ ಒಪ್ಪಿದ್ದರು. ಆ ಎರಡು ನಿರ್ಧಾರಗಳು ಎಂಜಿನಿಯರಿಂಗ್ ಅಲ್ಲ.

ಹಂತಹಂತವಾಗಿ ಬಿಟ್ಟರೆ ಎಲ್ಲವೂ ಸರಿಹೋಗುತ್ತದೆ ಎಂದು ನಾನು ಹೇಳಲಾರೆ. ತಪ್ಪಿಗೂ ಮೋಸಕ್ಕೂ ವ್ಯತ್ಯಾಸವಿದೆ. 2020ರ ಡಿಸೆಂಬರಿನಲ್ಲಿ ಬಯಲಾದ ಸೋಲಾರ್‌ವಿಂಡ್ಸ್ ಪ್ರಕರಣದಲ್ಲಿ ದಾಳಿಕೋರರು ಕಂಪನಿಯೊಳಗೇ ನುಗ್ಗಿ ಅದರ ಓರಿಯನ್ ತಂತ್ರಾಂಶದ ಅಪ್‌ಡೇಟಿನಲ್ಲಿ ತಮ್ಮದನ್ನು ಸೇರಿಸಿದ್ದರು. ಅದರ ಮೇಲೆ ಕಂಪನಿಯ ಅಸಲಿ ಸಹಿಯೇ ಇತ್ತು, ಸುಮಾರು 18,000 ಗಿರಾಕಿಗಳು ಅದನ್ನು ಇಳಿಸಿಕೊಂಡರು. ಹಾಕಿದ ಮೇಲೆ ಅದು ಎರಡು ವಾರದವರೆಗೂ ಅಲ್ಲಾಡದೆ ಮಲಗಿರುತ್ತಿತ್ತು. ಮೊದಲ ರಿಂಗಿನಲ್ಲಿ ಹತ್ತು ನಿಮಿಷ, ಹತ್ತು ಗಂಟೆ ಕಾದವರಿಗೆ ಅಲ್ಲಿ ಏನೂ ಕಾಣುತ್ತಿರಲಿಲ್ಲ. ಕುಮಾರಿಲರು ಎರಡು ದಾರಿ ಹೇಳಿದ್ದು ಇದಕ್ಕೇ ಇರಬೇಕು. ಬಾಧಕ ಅಡಗಿದ್ದಲ್ಲಿ ಕಾರಣದ ದೋಷವನ್ನು ಹುಡುಕಬೇಕು. ಅದು ಸಿಕ್ಕಿದ್ದೂ ಹಾಗೆಯೇ. ಫೈರ್‌ಐ ಎಂಬ ಭದ್ರತಾ ಕಂಪನಿಯಲ್ಲಿ ಒಬ್ಬ ಉದ್ಯೋಗಿಯ ಹೆಸರಿನಲ್ಲಿ ಎರಡನೆಯ ಫೋನೊಂದು ಲಾಗಿನ್‌ಗೆ ನೋಂದಣಿಯಾಗಿತ್ತು. ಯಾರೋ ಅವರನ್ನೇ ಕೇಳಿದರು: ಇದು ನಿಮ್ಮದೇ? ಅಲ್ಲ ಎಂದು ಅವರು ಹೇಳಿದ ಮೇಲೆ ಎಳೆ ಹಿಡಿದು ಹೋದದ್ದು ಓರಿಯನ್ ತನಕ ಮುಟ್ಟಿತು. ಸಹಿ, ತಪಾಸಣೆ, ಸ್ಕ್ಯಾನರ್ ಎಲ್ಲವನ್ನೂ ದಾಟಿ ಬಂದದ್ದು ಒಂದು ಸರಳವಾದ ಪ್ರಶ್ನೆಯ ಮುಂದೆ ಸಿಕ್ಕಿಬಿತ್ತು. ನಮ್ಮ ಕಚೇರಿಗಳಲ್ಲಿ ಇಂಥ ಪ್ರಶ್ನೆಯನ್ನು ಕಿರಿಕಿರಿ ಎನ್ನುವವರೇ ಹೆಚ್ಚು.

ಇನ್ನು ನನಗೆ ಎಲ್ಲಕ್ಕಿಂತ ಕಷ್ಟವೆನಿಸುವ ಪ್ರಶ್ನೆ ಉಳಿದಿದೆ. ಬಾಧಕ ಮೊದಲು ಒಂದು ಸಣ್ಣ ಜಾಗದಲ್ಲಿ ಕಾಣಿಸಿಕೊಳ್ಳಲಿ ಎಂದೆ. ಆ ಜಾಗದಲ್ಲಿ ಯಾರಿರಬೇಕು? ಮೊದಲ ರಿಂಗಿನಲ್ಲಿ ಯಂತ್ರವಿದ್ದವರು ಉಳಿದವರ ಪರವಾಗಿ ಅಪಾಯವನ್ನು ಹೊರುತ್ತಾರೆ. ಜುಲೈ 19ರಂದು ಬಿದ್ದ ಯಂತ್ರವನ್ನು ಎಬ್ಬಿಸುವುದು ಹೇಗಿತ್ತೆಂದು ನೋಡಿದರೆ ಹೊರೆಯ ತೂಕ ತಿಳಿಯುತ್ತದೆ. ಹೆಚ್ಚಿನ ಕಡೆ ದೂರದಿಂದ ಏನೂ ಮಾಡಲಾಗದೆ ಒಬ್ಬರು ಯಂತ್ರದ ಮುಂದೆ ಹೋಗಿ ಕೂರಬೇಕು. ಡಿಸ್ಕಿಗೆ ಬಿಟ್‌ಲಾಕರ್ ಬೀಗವಿದ್ದರೆ ಆ ಯಂತ್ರದ್ದೇ ಆದ 48 ಅಂಕಿಗಳ ಕೀಲಿಯನ್ನು ಹುಡುಕಿ, ಒಂದೂ ತಪ್ಪದಂತೆ ಒತ್ತಬೇಕು. ಸೇಫ್ ಮೋಡಿನಲ್ಲಿ ತೆರೆದು, ಡ್ರೈವರುಗಳ ಫೋಲ್ಡರಿನೊಳಗೆ ಹೋಗಿ, ಹೆಸರಿನಲ್ಲಿ 291 ಇರುವ ಆ ಫೈಲನ್ನು ಅಳಿಸಿ, ರೀಬೂಟ್ ಮಾಡಿ, ಪಕ್ಕದ ಯಂತ್ರಕ್ಕೆ ಸರಿಯಬೇಕು. ಅಷ್ಟು ಹೊತ್ತು ಆ ಕೌಂಟರಿನ ಮುಂದೆ ಸಾಲಿನಲ್ಲಿ ನಿಂತವರು ನಿಂತೇ ಇರುತ್ತಾರೆ. ಆದ್ದರಿಂದ ಅಪಾಯ ಏನೆಂದು ಬಲ್ಲವರು, ಬೇಡವೆಂದು ಹೇಳುವ ಅಧಿಕಾರ ಇರುವವರು, ಬಿದ್ದರೆ ತಾವೇ ಎಬ್ಬಿಸಬಲ್ಲವರು ಮೊದಲು ನಿಲ್ಲಬೇಕು: ಐಟಿ ವಿಭಾಗದ ಸ್ವಂತ ಯಂತ್ರಗಳು, ಅಪ್‌ಡೇಟಿಗೆ ಒಪ್ಪಿಗೆ ಕೊಟ್ಟ ಅಧಿಕಾರಿಗಳ ಲ್ಯಾಪ್‌ಟಾಪುಗಳು. ವಾರ್ಡಿನ ನರ್ಸಮ್ಮನ ಯಂತ್ರವನ್ನೋ ಟಿಕೆಟ್ ಕೌಂಟರಿನ ಹುಡುಗನ ಯಂತ್ರವನ್ನೋ, ಅವರು ದೂರು ಕೊಡುವುದಿಲ್ಲ ಎಂಬ ಕಾರಣಕ್ಕೆ ಮೊದಲ ರಿಂಗಿಗೆ ತಳ್ಳುವುದು ಅನ್ಯಾಯ. ಒಂದೆರಡು ಆವೃತ್ತಿ ಹಿಂದೆ ಇರುವ ಪಾಲಿಸಿಯನ್ನೂ ಇದೇ ಕಣ್ಣಿನಿಂದ ನೋಡಬೇಕು. ಎಲ್ಲರೂ ಹಿಂದೆಯೇ ನಿಂತರೆ ಮುಂದೆ ನಿಂತು ಬೀಳುವವರು ಯಾರು? ಹಿಂದೆ ನಿಲ್ಲುವುದನ್ನು ಯಾರೂ ಹೇಳಿಕೊಡದ ಸಣ್ಣ ಕಚೇರಿಗಳು.

ಆದರೆ ಧರ್ಮ ಹೇಳುವುದಕ್ಕೂ ಪ್ರಮಾಣಶಾಸ್ತ್ರ ಹೇಳುವುದಕ್ಕೂ ಇಲ್ಲಿ ಘರ್ಷಣೆಯಿದೆ. ಐಟಿ ವಿಭಾಗದ ಯಂತ್ರಗಳು ಹೊಸವು, ಶುದ್ಧವಾದವು, ಒಂದೇ ಅಚ್ಚಿನವು. ಅಲ್ಲಿ ಅಪ್‌ಡೇಟು ನೆಟ್ಟಗೆ ನಡೆದರೆ ಅದು ಹಸಿ ಸೌದೆಯ ಒಲೆಯನ್ನೇ ಮತ್ತೊಮ್ಮೆ ನೋಡಿದಂತೆ. ರಕ್ತಪರೀಕ್ಷೆಯ ಕೋಣೆಯ ಆ ಹಳೆಯ ಯಂತ್ರದ ಬಗ್ಗೆ ಅದು ಏನನ್ನೂ ಹೇಳುವುದಿಲ್ಲ. ಉಪಾಧಿ ಬಯಲಾಗಬೇಕಾದರೆ ಅಂಥ ಯಂತ್ರವೂ ಮೊದಲ ರಿಂಗಿನಲ್ಲಿರಬೇಕು, ರೋಗಿಯ ವರದಿ ಅದನ್ನೇ ಅವಲಂಬಿಸಿರುವಾಗ ಇರಲೂ ಕೂಡದು. ಇದಕ್ಕೆ ನನಗೆ ಕಾಣುವ ದಾರಿ ಒಂದೇ. ಅದೇ ಡ್ರೈವರ್, ಅದೇ ಪಾಲಿಸಿ, ಅದೇ ಅಪವಾದಗಳ ಪಟ್ಟಿ ಇರುವ ಇನ್ನೊಂದು ಯಂತ್ರವನ್ನು, ಯಾರ ಕೆಲಸವೂ ಅದರ ಮೇಲೆ ನಿಲ್ಲದಂತೆ, ಬೀಳುವುದಕ್ಕೆಂದೇ ಇಡಬೇಕು. ಅದಕ್ಕೆ ದುಡ್ಡು ಬೇಕು, ಜಾಗ ಬೇಕು, ಮೂಲ ಯಂತ್ರ ಬದಲಾದಾಗಲೆಲ್ಲ ಇದನ್ನೂ ಬದಲಿಸುವ ಒಬ್ಬರು ಬೇಕು. ಬಜೆಟ್ ಸಭೆಗಳಲ್ಲಿ ಮೊದಲು ಕತ್ತರಿ ಬೀಳುವುದು ಇಂಥ ಸಾಲಿಗೆ, ಏಕೆಂದರೆ ಎಲ್ಲ ಸರಿಯಿದ್ದ ವರ್ಷ ಆ ಯಂತ್ರ ಏನೂ ಮಾಡಿದಂತೆ ಕಾಣುವುದಿಲ್ಲ. ಆ ಸಾಲನ್ನು ಹೊಡೆದುಹಾಕುವವರು ಖರ್ಚನ್ನು ಉಳಿಸುತ್ತಿಲ್ಲ. ಅದನ್ನು ವರದಿಗಾಗಿ ಕಾಯುತ್ತಿರುವ ರೋಗಿಯ ಲೆಕ್ಕಕ್ಕೆ, ಅವರನ್ನು ಕೇಳದೆ, ವರ್ಗಾಯಿಸುತ್ತಿದ್ದಾರೆ.